ಹೋಳಿಗೆ ಹರಿದರೆ ಹರಿಯಲಿ, ಮನೆಯಲ್ಲೇ ಮಾಡಿ

ಸೇಡಂನ ಓದುಗರೊಬ್ಬರು ಬರೆದಿದ್ದಾರೆ: "ಯುಗಾದಿಗೆ ಮೊದಲ ಸಲ ನಾನೇ ಹೋಳಿಗೆ ಮಾಡಿದೆ. ಲಟ್ಟಿಸುವಾಗ ಹೂರಣ ಹೊರಗೆ ಬಂದು ಹಂಚಿಗೆಲ್ಲ ಹತ್ತಿತು. ಗಂಡ ಹೆಂಡತಿ ಇಬ್ಬರೂ ದುಡಿಯುವ ಮನೆ ನಮ್ಮದು. ಅಂಗಡಿಯಲ್ಲಿ ಸಿಗುವಾಗ ಈ ರಗಳೆ ಯಾಕೆ ಅನ್ನಿಸಿತು. ಹಾಗಂದುಕೊಂಡರೆ ತಪ್ಪಾ?"

ತಂಗಿ, ಕೊಂಡು ತಂದರೆ ತಪ್ಪೇನಿಲ್ಲ. ರೊಟ್ಟಿ, ಹೋಳಿಗೆ ಮಾಡಿ ಮಾರಿ ಮಕ್ಕಳನ್ನು ಓದಿಸುತ್ತಿರುವ ತಾಯಂದಿರು ನಮ್ಮ ಕಲಬುರಗಿಯಲ್ಲಿ ಎಷ್ಟೋ ಜನ ಇದ್ದಾರೆ. ಕೊಳ್ಳುವುದಿದ್ದರೆ ಅವರ ಹತ್ತಿರವೇ ಕೊಳ್ಳಿ. ಆದರೆ ಒಂದು ಸಲ ಹರಿಯಿತು ಅಂತ ಕೈಬಿಡುವುದಾ? ಅದನ್ನು ಮಾತ್ರ ನಾನು ಒಪ್ಪಲ್ಲ.

ನಿಮ್ಮ ಹೋಳಿಗೆ ಹಾಳಾಗಿದ್ದು ಲಟ್ಟಿಸುವಾಗ ಅಲ್ಲ, ಅದಕ್ಕೂ ಮೊದಲೇ. ಬೇಳೆ ಬೆರಳಲ್ಲಿ ಒತ್ತಿದರೆ ನುರಿಯಬೇಕು, ಆದರೆ ಗಂಜಿಯಾಗಬಾರದು. ಕಟ್ಟನ್ನು, ಅಂದರೆ ಬೇಳೆ ಬೆಂದ ನೀರನ್ನು, ಪೂರ್ತಿ ಬಸಿಯಬೇಕು. ಬೆಲ್ಲ ಹಾಕಿದ ಕೂಡಲೇ ಅದು ಕರಗಿ ಹೂರಣ ಮತ್ತೆ ನೀರಾಗುತ್ತದೆ. ಹೊಸಬರು ಗಾಬರಿಯಾಗಿ ಒಲೆ ಆರಿಸುವುದು ಇಲ್ಲೇ. ಆರಿಸಬೇಡಿ, ಸಣ್ಣ ಉರಿಯಲ್ಲಿ ತಿರುವುತ್ತಾ ಇರಿ. "ಹೂರಣದಾಗ ಸೌಟು ನಿಂದ್ರಬೇಕು" ಅನ್ನುತ್ತಿದ್ದರು ನಮ್ಮ ದೊಡ್ಡವ್ವ. ಸೌಟು ನಡುವೆ ಊರಿ ಕೈ ಬಿಡುತ್ತಿದ್ದರು. ವಾಲಿದರೆ ಮತ್ತೆ ಒಲೆ ಮೇಲೆ. ನಿಂತರೆ ಮಾತ್ರ ರುಬ್ಬಲಿಕ್ಕೆ. ಕಣಕ, ಅಂದರೆ ಹೊರಗಿನ ಹಿಟ್ಟು, ಕಿವಿ ಹಾಲೆಯಷ್ಟು ಮೆತ್ತಗಿರಬೇಕು. ಎಣ್ಣೆ ಹಾಕಿ ನಾದಿ, ಮುಚ್ಚಿಟ್ಟು, ಒಂದೆರಡು ತಾಸು ಬಿಡಿ. ಹೂರಣ, ಕಣಕ ಎರಡೂ ಒಂದೇ ಹದಕ್ಕೆ ಬಂದರೆ ಲಟ್ಟಣಿಗೆಯ ಕೆಳಗೆ ಜೊತೆಯಾಗಿ ಹರಡುತ್ತವೆ. ಒಂದು ಗಟ್ಟಿ, ಒಂದು ಮೆತ್ತಗೆ ಆದರೆ ಹರಿಯದೇ ಇನ್ನೇನಾಗುತ್ತದೆ?

ಬೇಳೆ ಯಾವುದು ಅಂತ ನೀವು ಬರೆದಿಲ್ಲ. ಕಡಲೆ ಬೇಳೆ ಹಾಕಿದ್ದರೆ ಬೇಡ ಅನ್ನಲ್ಲ, ರುಚಿಯಾಗೇ ಇರುತ್ತದೆ. ಆದರೆ ನೀವಿರುವುದು ತೊಗರಿ ಕಣಜದಲ್ಲಿ! ನಮ್ಮ ತೊಗರಿ ಬೇಳೆಗೆ 2019ರಲ್ಲಿ ಜಿಐ ಟ್ಯಾಗ್, ಅಂದರೆ ಇದು ಈ ನೆಲದ್ದೇ ಅನ್ನುವ ಅಧಿಕೃತ ಗುರುತು, ಸಿಕ್ಕಿತು, ಎಲ್ಲರೂ ಹೆಮ್ಮೆಪಟ್ಟೆವು. ಅದೇ ಊರಿನ ಅಂಗಡಿಗಳಲ್ಲಿ ನಾನು ನೋಡಿದ ಹೋಳಿಗೆಯೆಲ್ಲ ಮೈದಾ, ಕಡಲೆ ಬೇಳೆ, ಜಾಸ್ತಿ ಸಕ್ಕರೆಯದ್ದು. ಬೆಳೆದ ರೈತನ ಮನೆ ಪಕ್ಕದಲ್ಲೇ ತೊಗರಿ ಹೂರಣ ಹುಡುಕಬೇಕಾಗಿ ಬಂದಿದೆ. ನನಗೆ ಇದು ನಿಜಕ್ಕೂ ನೋವಿನ ಸಂಗತಿ.

ಇನ್ನೊಂದು ಬೇಸರವೂ ಇದೆ. ಕಲ್ಯಾಣ ಕರ್ನಾಟಕ ಅಂದರೆ ಬಿಸಿಲು, ಜೋಳದ ರೊಟ್ಟಿ, ಇಷ್ಟೇ ಅನ್ನುತ್ತಾರೆ ಹೊರಗಿನವರು. ನಮ್ಮವರೂ ತಲೆಯಾಡಿಸುತ್ತಾರೆ. ಬೀದರ್ ಜಿಲ್ಲೆಯ ಈಗಿನ ಬಸವಕಲ್ಯಾಣದಿಂದ ಆಳಿದ ಚಾಲುಕ್ಯ ದೊರೆ ಮೂರನೇ ಸೋಮೇಶ್ವರ 12ನೇ ಶತಮಾನದಲ್ಲೇ 'ಮಾನಸೋಲ್ಲಾಸ' ಅನ್ನುವ ತನ್ನ ಸಂಸ್ಕೃತ ಗ್ರಂಥದಲ್ಲಿ ಊಟಕ್ಕೆ ಅಂತಲೇ ಒಂದು ಭಾಗ ಇಟ್ಟ. ರಾಜ್ಯಭಾರದ ಜೊತೆ ಅಡುಗೆಯನ್ನೂ ಬರೆದಿಡಬೇಕು ಅನ್ನಿಸಿತ್ತು ಆ ರಾಜನಿಗೆ. ನಮ್ಮ ಶಾಲೆ ಪುಸ್ತಕಗಳಲ್ಲಿ ರಾಜರ ಯುದ್ಧಗಳಿಗೆ ಸಿಗುವಷ್ಟು ಜಾಗ ಅಡುಗೆಗೆ ಸಿಗಲ್ಲ. ಹೀಗಾದರೆ ಮಕ್ಕಳಿಗೆ ತಮ್ಮ ನೆಲದ ಊಟದ ಬಗ್ಗೆ ಅಭಿಮಾನ ಎಲ್ಲಿಂದ ಬರಬೇಕು ಹೇಳಿ?

ಇಬ್ಬರೂ ದುಡಿಯುವ ಮನೆ ಅಂದಿರಿ. ಹಾಗಾದರೆ ಹೋಳಿಗೆಯೂ ಇಬ್ಬರದ್ದೇ ಅಲ್ವಾ? ಹೂರಣ ತಿರುವುವುದು, ರುಬ್ಬುವುದು ತೋಳಿನ ಕೆಲಸ. ಗಂಡಸರು ಪಡಸಾಲೆಯಲ್ಲಿ ಕೂತು "ಆಯ್ತಾ?" ಅಂತ ಕೇಳುವ ರೂಢಿಯಿಂದಲೇ ಹೆಣ್ಣುಮಕ್ಕಳಿಗೆ ಹಬ್ಬ ಬೇಡವಾಗಿದೆ. ನಿಮ್ಮ ಬೇಸರಕ್ಕೂ ಅರ್ಧ ಕಾರಣ ಅದೇ ಇರಬೇಕು.

ಮೊದಲು ಶೇಂಗಾ ಹೋಳಿಗೆ ಮಾಡಿ ನೋಡಿ. ಹುರಿದ ಶೇಂಗಾ ಪುಡಿ, ಬೆಲ್ಲ ಅಷ್ಟೇ, ಬೇಳೆ ಬೇಯಿಸುವ ಗೋಜಿಲ್ಲ. ನಾಲ್ಕು ದಿನ ಇಟ್ಟರೂ ಕೆಡಲ್ಲ. ಕೈ ಕುದುರಿದ ಮೇಲೆ ಕಾರಹುಣ್ಣಿಮೆಗೆ ತೊಗರಿ ಹೂರಣ ಹಿಡಿಯಿರಿ. ಆಗ ಮಾವಿನ ಹಣ್ಣೂ ಇರುತ್ತದೆ, ಸೀಕರಣೆ ಜೊತೆ ಉಣ್ಣಬಹುದು. ಬಸಿದ ಕಟ್ಟನ್ನು ಚೆಲ್ಲಬೇಡಿ, ಸಾರು ಮಾಡಿ. ಸೌಟು ನಿಂತಿತಾ ಇಲ್ಲವಾ ನೋಡುವ ಕೆಲಸ ಯಜಮಾನರಿಗೇ ಕೊಡಿ. ಹೇಗೆ ಬಂತು ಅಂತ ಇಬ್ಬರೂ ಸೇರಿ ಬರೆಯಿರಿ, ಅಚ್ಚು ಹಾಕುತ್ತೇವೆ.

– ಸಂ.