ಉದ್ಯಮ ಬೆಳೆದಿದೆ, ನಮ್ಮ ಗಲ್ಲಾ ಏಕೆ ಬೆಳೆದಿಲ್ಲ?

ಓದುಗರ ಪ್ರಶ್ನೆಗೆ ತಜ್ಞರ ಉತ್ತರ

ಹೋಟೆಲ್ ಮತ್ತು ಖಾನಾವಳಿ ವ್ಯವಹಾರದ ಬಗ್ಗೆ ಕಲಬುರಗಿ, ಬೀದರ್, ಯಾದಗಿರಿ ಜಿಲ್ಲೆಗಳ ಓದುಗರು ಕೇಳಿದ ಪ್ರಶ್ನೆಗಳಿಗೆ ಸಣ್ಣ ಉದ್ದಿಮೆಗಳ ಲೆಕ್ಕಪತ್ರ ಸಲಹೆಗಾರರೊಬ್ಬರು ಇಲ್ಲಿ ಉತ್ತರಿಸಿದ್ದಾರೆ.

ಪ್ರಶ್ನೆ: ಕಲಬುರಗಿಯ ಜೇವರ್ಗಿ ರಸ್ತೆಯಲ್ಲಿ ನಮ್ಮದೊಂದು ಖಾನಾವಳಿ ಇದೆ, ತಂದೆಯ ಕಾಲದ್ದು. ದೇಶದಲ್ಲಿ ಹೋಟೆಲ್ ಉದ್ಯಮ ಭಾರೀ ಬೆಳೆಯುತ್ತಿದೆ ಎಂದು ಪತ್ರಿಕೆಗಳು ಬರೆಯುತ್ತವೆ. ನಮ್ಮ ವಹಿವಾಟೂ ಕೊರೊನಾಕ್ಕೆ ಮುಂಚಿಗಿಂತ ಹೆಚ್ಚೇ ಇದೆ. ಆದರೆ ತಿಂಗಳ ಕೊನೆಗೆ ಕೈಯಲ್ಲಿ ಏನೂ ಉಳಿಯುವುದಿಲ್ಲ. ಎಲ್ಲಿ ಸೋರಿ ಹೋಗುತ್ತಿದೆ?

ವಹಿವಾಟು ಹೆಚ್ಚಿದೆ ಎಂದು ಬರೆದಿದ್ದೀರಿ. ತಾಟು ಹೆಚ್ಚಿವೆಯೇ ಎಂಬುದನ್ನು ಬರೆದಿಲ್ಲ. ಪತ್ರಿಕೆಗಳೂ ಅದನ್ನು ಬರೆಯುವುದಿಲ್ಲ.

ನೀವು ಓದಿದ ಅಂಕಿಗಳು ರಾಷ್ಟ್ರೀಯ ರೆಸ್ಟೋರೆಂಟ್ ಸಂಘದ ವರದಿಗಳಿಂದ ಬಂದಿರಬೇಕು. ಅದರ ಪ್ರಕಾರ ದೇಶದ ಹೋಟೆಲ್ ಊಟ-ತಿಂಡಿ ವ್ಯವಹಾರ 2019–20ರಲ್ಲಿ ಸುಮಾರು ₹4.24 ಲಕ್ಷ ಕೋಟಿಯಷ್ಟಿತ್ತು. ಮರುವರ್ಷ ಲಾಕ್‌ಡೌನ್ ಹೊಡೆತಕ್ಕೆ ₹2 ಲಕ್ಷ ಕೋಟಿಗೆ ಕುಸಿಯಿತು. 2023–24ಕ್ಕೆ ಚೇತರಿಸಿಕೊಂಡು ₹5.69 ಲಕ್ಷ ಕೋಟಿ ಮುಟ್ಟಿತು. 2027–28ರ ಹೊತ್ತಿಗೆ ₹7.76 ಲಕ್ಷ ಕೋಟಿ ಆಗಲಿದೆ ಎಂಬುದು ಸಂಘದ ಅಂದಾಜು. ನೋಡಲು ಭರ್ಜರಿಯಾಗಿಯೇ ಇದೆ.

ಈಗ ಇದನ್ನೇ ಬಿಡಿಸಿ ನೋಡೋಣ. 2019–20ರಿಂದ 2023–24ರವರೆಗಿನ ನಾಲ್ಕು ವರ್ಷಗಳಲ್ಲಿ ರೂಪಾಯಿ ಲೆಕ್ಕದಲ್ಲಿ ಏರಿದ್ದು ಶೇ 34. ಅದೇ ನಾಲ್ಕು ವರ್ಷ ಚಿಲ್ಲರೆ ಬೆಲೆ ಏರಿಕೆ ಕ್ರಮವಾಗಿ ಶೇ 6.2, 5.5, 6.7 ಮತ್ತು 5.4 ಇತ್ತು. ಒಂದರ ಮೇಲೊಂದು ಸೇರಿಸಿದರೆ ಸುಮಾರು ಶೇ 26. ಬೆಲೆ ಏರಿಕೆಯನ್ನು ಕಳೆದ ಮೇಲೆ ಉಳಿಯುವ ನಿಜವಾದ ಬೆಳವಣಿಗೆ ನಾಲ್ಕು ವರ್ಷಕ್ಕೆಲ್ಲ ಸೇರಿ ಶೇ 6–7 ಮಾತ್ರ. ವರ್ಷಕ್ಕೆ ಶೇ 2 ಕೂಡ ಆಗಲಿಲ್ಲ. ಆ ಸಣ್ಣ ಬೆಳವಣಿಗೆಯೂ ಎಲ್ಲರಿಗೂ ಸಮನಾಗಿ ಹಂಚಿಕೆಯಾಗಿಲ್ಲ. ಹೆಸರಾಂತ ಸರಣಿ ಹೋಟೆಲ್‌ಗಳು, ಬ್ರಾಂಡ್ ಮಳಿಗೆಗಳು ಸೇರಿರುವ ಸಂಘಟಿತ ವಲಯ ಉಳಿದವರಿಗಿಂತ ಬಹಳ ವೇಗವಾಗಿ ಬೆಳೆಯಲಿದೆ ಎಂದು ಆ ವರದಿಯೇ ಹೇಳುತ್ತದೆ. ನಿಮ್ಮಂಥ ಖಾನಾವಳಿಯ ಪಾಲಿಗೆ ಎಷ್ಟು ಬಂದೀತು ಎಂಬುದನ್ನು ನೀವೇ ಊಹಿಸಬಹುದು.

ಅಟ್ಟದ ಮೇಲಿರುವ 2019ರ ಬಿಲ್ ಪುಸ್ತಕ ಇಳಿಸಿ. ಜಾತ್ರೆ, ಮದುವೆಯ ಗದ್ದಲವಿಲ್ಲದ ಒಂದು ಸಾಧಾರಣ ತಿಂಗಳು ಆರಿಸಿಕೊಂಡು ಎಷ್ಟು ಊಟ ಹೋಗಿವೆ ಎಂದು ಎಣಿಸಿ, ಈ ವರ್ಷದ ಅದೇ ತಿಂಗಳ ಜೊತೆ ಇಟ್ಟು ನೋಡಿ. ಆಗ ₹70 ಇದ್ದ ಊಟ ಈಗ ₹110 ಆಗಿದೆ, ವಹಿವಾಟು ಶೇ 40 ಏರಿದೆ ಎಂದಿಟ್ಟುಕೊಳ್ಳಿ. ಗಲ್ಲಾದ ಮೇಲೆ ಕುಳಿತವರಿಗೆ ಇದು ಬೆಳವಣಿಗೆಯಂತೆ ಕಾಣುತ್ತದೆ. ಅಡುಗೆಮನೆಯಿಂದ ಹೊರಬಂದ ತಾಟುಗಳು ಮಾತ್ರ ಶೇ 11ರಷ್ಟು ಕಡಿಮೆಯಾಗಿರುತ್ತವೆ! ಬಾಡಿಗೆ, ಸಂಬಳ, ವಿದ್ಯುತ್ ಬಿಲ್ಲು ತಾಟು ಕಡಿಮೆಯಾಯಿತೆಂದು ಇಳಿಯುವುದಿಲ್ಲ. ಸೋರುವುದು ಅಲ್ಲಿ.

ಊಟ ಮಾಡುವವರು ಎಲ್ಲಿ ಹೋದರು? 2023–24ರ ಕುಟುಂಬ ಬಳಕೆ ವೆಚ್ಚ ಸಮೀಕ್ಷೆಯ ಪ್ರಕಾರ ನಗರದ ಕುಟುಂಬಗಳು ತಿಂಗಳ ಖರ್ಚಿನಲ್ಲಿ ಶೇ 11.09ರಷ್ಟನ್ನು ಪಾನೀಯ, ತಿಂಡಿ ಮತ್ತು ಸಂಸ್ಕರಿತ ಆಹಾರಕ್ಕೆ ಕೊಡುತ್ತಿವೆ, ಹಳ್ಳಿಗಳಲ್ಲಿ ಶೇ 9.84. ಏಕದಳ ಧಾನ್ಯ, ಹಾಲು, ತರಕಾರಿ ಯಾವುದಕ್ಕೂ ಇಷ್ಟು ಪಾಲು ಇಲ್ಲ. ‘ಜನ ಹೊರಗೆ ತಿನ್ನುತ್ತಿದ್ದಾರೆ’ ಎಂದು ಇದನ್ನು ಓದುವವರಿದ್ದಾರೆ. ಆದರೆ ಹೋಟೆಲಿನ ಊಟದ ಜೊತೆ ಬಿಸ್ಕತ್ತು, ಚಿಪ್ಸ್, ತಂಪು ಪಾನೀಯಗಳೂ ಅದೇ ಲೆಕ್ಕದೊಳಗಿವೆ. ನಿಮ್ಮ ಗಿರಾಕಿಯ ಜೇಬಿನ ಹಣ ಪಕ್ಕದ ಕಿರಾಣಿ ಅಂಗಡಿಯ ಪ್ಯಾಕೆಟ್ಟಿಗೂ ಹೋಗುತ್ತಿದೆ.

ಇನ್ನು ತೆರಿಗೆ. 2017ರ ನವೆಂಬರ್ 15ರಿಂದ ಹೋಟೆಲ್ ಊಟಕ್ಕೆ ಶೇ 5 ಜಿಎಸ್‌ಟಿ. ದರ ಇಳಿಸಿದ್ದಕ್ಕೆ ಪ್ರತಿಯಾಗಿ ಸರ್ಕಾರ ಹೂಡುವಳಿ ತೆರಿಗೆ ವಾಪಸಾತಿಯನ್ನು, ಅಂದರೆ ಖರೀದಿಯ ಮೇಲೆ ಕೊಟ್ಟ ತೆರಿಗೆಯನ್ನು ಕಟ್ಟಬೇಕಾದ ತೆರಿಗೆಯಲ್ಲಿ ಕಳೆದುಕೊಳ್ಳುವ ಸೌಲಭ್ಯವನ್ನು, ಕಿತ್ತುಕೊಂಡಿತು. ಆದ್ದರಿಂದ 19 ಕೆ.ಜಿ. ವಾಣಿಜ್ಯ ಸಿಲಿಂಡರಿನ ಮೇಲೆ ನೀವು ಕೊಡುವ ಶೇ 18, ಡೀಪ್ ಫ್ರೀಜರಿನ ಮೇಲೆ ಕೊಟ್ಟ ತೆರಿಗೆ, ಇವೆಲ್ಲ ನಿಮ್ಮ ಖರ್ಚಿನ ಬಾಬತ್ತಿಗೇ ಸೇರುತ್ತವೆ. ಬಹಳ ಜನ ಗಮನಿಸದ ಇನ್ನೊಂದು ಹೊರೆಯೂ ಇದೆ. ನೀವು ಜಿಎಸ್‌ಟಿ ನೋಂದಾಯಿತರಾಗಿದ್ದು ಕಟ್ಟಡದ ಮಾಲೀಕರು ನೋಂದಾಯಿತರಲ್ಲದಿದ್ದರೆ, 2024ರ ಅಕ್ಟೋಬರ್ 10ರಿಂದ ಬಾಡಿಗೆಯ ಮೇಲಿನ ಶೇ 18 ತೆರಿಗೆಯನ್ನು ನೀವೇ ಕಟ್ಟಬೇಕು. ₹30,000 ಬಾಡಿಗೆಗೆ ತಿಂಗಳಿಗೆ ₹5,400, ವರ್ಷಕ್ಕೆ ₹64,800. ಕಾಂಪೋಸಿಷನ್ ಪದ್ಧತಿಯಲ್ಲಿರುವವರಿಗೆ (ಒಟ್ಟು ವಹಿವಾಟಿನ ಮೇಲೆ ಒಂದೇ ದರದಲ್ಲಿ ತೆರಿಗೆ ಕಟ್ಟುವ ಸಣ್ಣ ವ್ಯಾಪಾರಿಗಳಿಗೆ) 2025ರ ಜನವರಿ 16ರಿಂದ ಇದರಿಂದ ವಿನಾಯಿತಿ ಸಿಕ್ಕಿದೆ. ವಾರ್ಷಿಕ ವಹಿವಾಟು ₹1.5 ಕೋಟಿಯೊಳಗಿದ್ದರೆ ಆ ಪದ್ಧತಿ ನಿಮಗೆ ಹೊಂದುತ್ತದೆಯೇ ಎಂದು ನಿಮ್ಮ ಲೆಕ್ಕಪರಿಶೋಧಕರನ್ನು ಕೇಳಿ. ಅದರಲ್ಲಿ ಗಿರಾಕಿಯ ಬಿಲ್ಲಿನಲ್ಲಿ ತೆರಿಗೆ ಹಾಕುವಂತಿಲ್ಲ, ಶೇ 5 ನಿಮ್ಮ ಕೈಯಿಂದಲೇ ಹೋಗಬೇಕು. ಎರಡನ್ನೂ ತೂಗಿ ನೋಡಿ.

ಕೊನೆಗೆ ಒಂದು ಮಾತು, ಬೇಸರ ಮಾಡಿಕೊಳ್ಳಬೇಡಿ. ನಮ್ಮ ಕಡೆ ಖಾನಾವಳಿ ಎಂದರೆ ರೊಟ್ಟಿಗೆ ಲೆಕ್ಕವಿಲ್ಲ. ಒಲೆಯ ಮುಂದೆ ಬೆಳಿಗ್ಗೆಯಿಂದ ಕುಳಿತು ರೊಟ್ಟಿ ಬಡಿಯುವ ಹೆಣ್ಣುಮಕ್ಕಳ ಕೂಲಿ ಹಿಟ್ಟಿನ ಬೆಲೆಗಿಂತ ವೇಗವಾಗಿ ಏರಿದೆ, ಏರಲೇಬೇಕಿತ್ತು. ಎರಡು ಬಿಸಿ ರೊಟ್ಟಿ, ಎಣ್ಣೆಗಾಯಿ, ಪುಂಡಿ ಪಲ್ಲೆ, ಶೇಂಗಾ ಹಿಂಡಿ, ಅನ್ನ-ಸಾರಿನ ಒಂದು ಮಿತ ಊಟವನ್ನು ಕಡಿಮೆ ದರಕ್ಕೆ ಇಟ್ಟು, ಹೊಟ್ಟೆತುಂಬ ಊಟಕ್ಕೆ ಬೇರೆ ದರ ಇಡಿ. ಕಚೇರಿಗೆ ಓಡುವವರು, ಸಕ್ಕರೆ ಕಾಯಿಲೆಯವರು ಮೊದಲನೆಯದನ್ನೇ ಕೇಳುತ್ತಾರೆ.

ಪ್ರಶ್ನೆ: ಕಲಬುರಗಿ ತೊಗರಿಯ ಕಣಜ. ಹಾಗಿದ್ದೂ ಇಲ್ಲಿನ ಹೋಟೆಲಿನಲ್ಲಿ ಬೇಳೆ ಸಾರಿನ ಊಟ ಏಕೆ ಅಗ್ಗವಿಲ್ಲ? ತೊಗರಿ ದರ ಬಿದ್ದಾಗಲಾದರೂ ಇಳಿಸಬಾರದೇ? (ಆಳಂದದ ರೈತರೊಬ್ಬರು)

ನಿಮ್ಮ ಸಿಟ್ಟು ನ್ಯಾಯವಾದದ್ದು. 2019ರಲ್ಲಿ ಗುಲಬರ್ಗಾ ತೊಗರಿ ಬೇಳೆಗೆ ಭೌಗೋಳಿಕ ಸೂಚ್ಯಂಕ ಮಾನ್ಯತೆಯೂ ಸಿಕ್ಕಿತು. ಆದರೆ ದರವನ್ನು ನಮ್ಮ ಗಂಜ್ ಒಂದೇ ನಿರ್ಧರಿಸುವುದಿಲ್ಲ. ಮ್ಯಾನ್ಮಾರ್, ಮೊಜಾಂಬಿಕ್, ತಾಂಜಾನಿಯಾಗಳಿಂದ ಸುಂಕವಿಲ್ಲದೆ ಬಂದಿಳಿಯುವ ತೊಗರಿ ಅದನ್ನು ಎಳೆದಾಡುತ್ತದೆ. 2024–25ರ ಹಂಗಾಮಿನಲ್ಲಿ ಬೆಂಬಲ ಬೆಲೆ ಕ್ವಿಂಟಲ್‌ಗೆ ₹7,550 ಇತ್ತು, ರಾಜ್ಯ ಸರ್ಕಾರ ₹450 ಸೇರಿಸಿ ₹8,000 ಮಾಡಿತು. ಮಾರುಕಟ್ಟೆ ಆ ಮಟ್ಟದಲ್ಲಿ ನಿಲ್ಲದ್ದಕ್ಕೇ ಸೇರಿಸಬೇಕಾಯಿತು.

ಹೋಟೆಲಿನವರ ಕಡೆಯಿಂದ ನೋಡಿದರೆ, ಒಂದು ಊಟದ ಸಾರಿಗೆ ಬೀಳುವ ಬೇಳೆ 30–40 ಗ್ರಾಂ. ಕೆ.ಜಿ.ಗೆ ₹40 ಇಳಿದರೂ ಒಂದು ತಾಟಿನಲ್ಲಿ ಉಳಿಯುವುದು ಒಂದೂವರೆ ರೂಪಾಯಿ. ಅದನ್ನು ಎಣ್ಣೆ ನುಂಗುತ್ತದೆ. 2024ರ ಸೆಪ್ಟೆಂಬರಿನಲ್ಲಿ ಕೇಂದ್ರವು ಕಚ್ಚಾ ತಾಳೆ ಎಣ್ಣೆಯ ಮೇಲಿನ ಒಟ್ಟು ಆಮದು ಸುಂಕವನ್ನು ಶೇ 5.5ರಿಂದ ಶೇ 27.5ಕ್ಕೆ ಏರಿಸಿತು, 2025ರ ಮೇ ಕೊನೆಗೆ ಶೇ 16.5ಕ್ಕೆ ತಂದಿತು. ಏರಿದಾಗ ದರಪಟ್ಟಿಯ ಮೇಲೆ ಹೊಸ ಚೀಟಿ ಅಂಟಿಸಿದವರು ಇಳಿದಾಗ ಅದನ್ನು ಕೀಳಲಿಲ್ಲ ಎಂಬುದೂ ನಿಜ. ಅದಕ್ಕೆ ನನ್ನಲ್ಲಿ ಸಮರ್ಥನೆ ಇಲ್ಲ.

ಪ್ರಶ್ನೆ: ಬೀದರಿನಲ್ಲಿ ಬಿರಿಯಾನಿ ಹೋಟೆಲ್ ಇದೆ. ಆ್ಯಪ್‌ಗಳ ಮೂಲಕ ದಿನಾ ಆರ್ಡರ್ ಬರುತ್ತವೆ, ಖಾತೆಗೆ ಬರುವ ಹಣ ನೋಡಿದರೆ ಸಂಕಟವಾಗುತ್ತದೆ. ಬಿಟ್ಟುಬಿಡಲೇ?

ಬಿಡುವ ಮೊದಲು ಒಂದು ಆರ್ಡರನ್ನು ಕಾಗದದ ಮೇಲೆ ಬರೆಯಿರಿ. ₹200ರ ಬಿರಿಯಾನಿಯ ಮೇಲೆ ನೀವು ಒಪ್ಪಿಕೊಂಡ ರಿಯಾಯಿತಿ ₹20. ಉಳಿದ ₹180ಕ್ಕೆ ಶೇ 25 ಕಮಿಷನ್ ಎಂದರೆ ₹45. ಕಮಿಷನ್ ಮೇಲೆ ಶೇ 18 ಜಿಎಸ್‌ಟಿ ₹8.10, ಅದೂ ನಿಮಗೆ ವಾಪಸ್ ಬರುವುದಿಲ್ಲ. ಡಬ್ಬಿ, ಚೀಲ, ರಾಯತದ ಪೊಟ್ಟಣ ಸೇರಿ ₹12. ಕೈಗೆ ಉಳಿದದ್ದು ₹114.90. ಅಕ್ಕಿ, ಮಾಂಸ, ಮಸಾಲೆ, ಎಣ್ಣೆಗೆ ₹76 ಹೋದರೆ ನಿಮಗೆ ₹38.90. ಅದೇ ಬಿರಿಯಾನಿಯನ್ನು ಗಿರಾಕಿ ನಿಮ್ಮ ಮೇಜಿನಲ್ಲಿ ಕುಳಿತು ತಿಂದಿದ್ದರೆ ₹124 ಉಳಿಯುತ್ತಿತ್ತು.

ಹಾಗೆಂದು ₹38.90 ನಷ್ಟವಲ್ಲ. ಹಂಡೆ ಹೇಗೂ ದಮ್ ಮೇಲಿದೆ, ಅಡುಗೆಯವರ ಸಂಬಳ ಹೇಗೂ ಕೊಡಬೇಕು. ಕುಳಿತು ಉಣ್ಣುವವರಿಂದಲೇ ಬಾಡಿಗೆ-ಸಂಬಳ ಹೊರಟುಹೋಗುತ್ತಿದ್ದರೆ ಆ್ಯಪ್ ತರುವುದೆಲ್ಲ ಮೇಲಾದಾಯ. ಆ್ಯಪನ್ನೇ ನಂಬಿ ಎರಡನೇ ಅಡುಗೆಮನೆಗೆ ಬಾಡಿಗೆ ಹಿಡಿದಿರೋ, ಆ ₹38.90ರಲ್ಲಿ ಎಲ್ಲವನ್ನೂ ತೂಗಿಸಬೇಕು. ತೂಗುವುದಿಲ್ಲ. ಆದ್ದರಿಂದ ಆ್ಯಪ್ ಇಟ್ಟುಕೊಳ್ಳಿ, ಅದಕ್ಕಾಗಿ ಹೊಸ ಖರ್ಚು ಹಾಕಿಕೊಳ್ಳಬೇಡಿ. ರಿಯಾಯಿತಿಯನ್ನು ಮೊದಲು ನಿಲ್ಲಿಸಿ, ಜಾಹೀರಾತಿಗೆಂದು ಕಡಿತವಾಗುತ್ತಿದೆಯೇ ಎಂದು ವಾರದ ಲೆಕ್ಕಪಟ್ಟಿಯಲ್ಲಿ ಹುಡುಕಿ. ಪ್ರತಿ ಪಾರ್ಸೆಲ್ಲಿನಲ್ಲಿ ನಿಮ್ಮ ಫೋನ್ ಸಂಖ್ಯೆಯ ಚೀಟಿ ಇರಲಿ. ಬೀದರ್ ಬೆಂಗಳೂರಲ್ಲ, ನಿಮ್ಮದೇ ಹುಡುಗನೊಬ್ಬ ಬೈಕಿನಲ್ಲಿ ಹತ್ತು ನಿಮಿಷದಲ್ಲಿ ಊರಿನ ಬಹುಭಾಗ ಮುಟ್ಟಬಲ್ಲ.

ಈ ಜಗಳ ನಿಮ್ಮೊಬ್ಬರದಲ್ಲ. ರೆಸ್ಟೋರೆಂಟ್ ಸಂಘದ ದೂರಿನ ಮೇಲೆ ಸ್ಪರ್ಧಾ ಆಯೋಗ 2022ರಲ್ಲಿಯೇ ಜೊಮ್ಯಾಟೊ, ಸ್ವಿಗ್ಗಿ ವಿರುದ್ಧ ತನಿಖೆಗೆ ಆದೇಶಿಸಿತು. ಇತ್ತ ಗ್ರಾಹಕರಿಗೂ ಬಿಸಿ ತಟ್ಟಿದೆ: 2023ರಲ್ಲಿ ₹2ರಿಂದ ಶುರುವಾದ ಜೊಮ್ಯಾಟೊದ ಪ್ರತಿ ಆರ್ಡರಿನ ವೇದಿಕೆ ಶುಲ್ಕ 2025ರ ಸೆಪ್ಟೆಂಬರಿನಲ್ಲಿ ₹12 ಆಯಿತು. ನೇರವಾಗಿ ಫೋನ್ ಮಾಡಿದರೆ ಅಗ್ಗ ಎಂದು ಗಿರಾಕಿಗೆ ಅರ್ಥ ಮಾಡಿಸಲು ಇದಕ್ಕಿಂತ ಒಳ್ಳೆಯ ಕಾಲ ಬಾರದು.

ಪ್ರಶ್ನೆ: ಬಿಲ್ಲಿನಲ್ಲಿ ಸೇವಾ ಶುಲ್ಕ ಎಂದು ಶೇ 10 ಹಾಕಿದ್ದರು. ಕೊಡಲೇಬೇಕೇ? (ಹುಮನಾಬಾದ್)

ಬೇಕಿಲ್ಲ. ಕೇಂದ್ರ ಗ್ರಾಹಕ ರಕ್ಷಣಾ ಪ್ರಾಧಿಕಾರ 2022ರ ಜುಲೈನಲ್ಲಿ ಹೊರಡಿಸಿದ ಮಾರ್ಗಸೂಚಿಯನ್ನು 2025ರ ಮಾರ್ಚ್‌ನಲ್ಲಿ ದೆಹಲಿ ಹೈಕೋರ್ಟ್ ಎತ್ತಿಹಿಡಿದಿದೆ. ತೆಗೆಯಿರಿ ಎಂದು ಹೇಳಿ. ಒಪ್ಪದಿದ್ದರೆ 1915ಕ್ಕೆ ಕರೆ ಮಾಡಿ. ಸಪ್ಲೈಯರ್ ಚೆನ್ನಾಗಿ ಬಡಿಸಿದ್ದರೆ ಅವರ ಕೈಗೇ ಏನಾದರೂ ಕೊಡಿ.

ಪ್ರಶ್ನೆ: ನಾವು ಸೇಡಂ ಭಾಗದ ಸ್ವಸಹಾಯ ಸಂಘದವರು, ಜೋಳದ ರೊಟ್ಟಿ ಮಾಡುತ್ತೇವೆ. ಹೋಟೆಲ್‌ಗಳಿಗೆ ಕೊಡಬಹುದೇ, ನೇರವಾಗಿ ಮಾರುವುದು ಒಳ್ಳೆಯದೇ?

ಎರಡೂ ಮಾಡಿ, ಆದರೆ ಬೇರೆ ಬೇರೆ ರೊಟ್ಟಿ. ಖಡಕ್ ರೊಟ್ಟಿ ವಾರಗಟ್ಟಲೆ ಇರುತ್ತದೆ, ಅದು ನೇರ ಮಾರಾಟಕ್ಕೆ. ‘ಕಲಬುರಗಿ ರೊಟ್ಟಿ’ ಹೆಸರಿನಲ್ಲಿ ಜಿಲ್ಲೆಯ ಮಹಿಳೆಯರು ಮಾಡುತ್ತಿರುವುದು ಈ ದಾರಿಯೇ. ದಿನಕ್ಕೆ ಮೂರು ಸಾವಿರಕ್ಕೂ ಹೆಚ್ಚು ರೊಟ್ಟಿ ತಯಾರಾಗುವುದನ್ನು ಪ್ರಧಾನಿ 2025ರ ಜೂನ್‌ನಲ್ಲಿ ತಮ್ಮ ಮಾಸಿಕ ಬಾನುಲಿ ಭಾಷಣದಲ್ಲಿ ಪ್ರಸ್ತಾಪಿಸಿದ್ದರು.

ಬಿಸಿ ರೊಟ್ಟಿ ಹೋಟೆಲಿಗೆ. ರೊಟ್ಟಿ ಬಡಿಯುವವರು ಸಿಗದೆ ಒದ್ದಾಡುತ್ತಿರುವ ಖಾನಾವಳಿಗಳು ನಿಮ್ಮನ್ನು ಕೈಬಿಡುವುದಿಲ್ಲ. ಕರಾರಿನಲ್ಲಿ ಎರಡು ಮಾತು ಗಟ್ಟಿ ಮಾಡಿಕೊಳ್ಳಿ: ಜೋಳದ ದರ ಏರಿದರೆ ರೊಟ್ಟಿಯ ದರವೂ ಏರಬೇಕು, ಹಣ ವಾರಕ್ಕೊಮ್ಮೆ ಬರಬೇಕು. ಮಾಲದಂಡಿ ಜೋಳದ ಬೆಂಬಲ ಬೆಲೆಯೇ 2025–26ಕ್ಕೆ ಕ್ವಿಂಟಲ್‌ಗೆ ₹3,749 ಇದೆ, ಒಳ್ಳೆಯ ಕಾಳಿಗೆ ಪೇಟೆಯಲ್ಲಿ ಎಷ್ಟು ಕೇಳುತ್ತಾರೆಂದು ನಿಮಗೇ ಗೊತ್ತು. ಉದ್ರಿ ಬೆಳೆಯಲು ಬಿಟ್ಟರೆ ಹೋಟೆಲಿಗೆ ಬಂಡವಾಳ ಹಾಕಿದವರು ನೀವೇ ಆಗುತ್ತೀರಿ, ಲಾಭದಲ್ಲಿ ಪಾಲು ಮಾತ್ರ ಇರುವುದಿಲ್ಲ.

ಪ್ರಶ್ನೆ: ಯಾದಗಿರಿಯಲ್ಲಿ ಮಿರ್ಚಿ ಭಜಿ, ಸುಸಲಾ ಅಂಗಡಿ ಇಟ್ಟಿದ್ದೇನೆ. ಫೋನಿನಲ್ಲಿ ಹಣ ತೆಗೆದುಕೊಂಡರೆ ಜಿಎಸ್‌ಟಿ ನೋಟಿಸ್ ಬರುತ್ತದೆ ಎನ್ನುತ್ತಾರೆ. ಆ ಫಲಕ ತೆಗೆದುಬಿಡಲೇ?

2025ರ ಜುಲೈನಲ್ಲಿ ರಾಜ್ಯದ ಸಣ್ಣ ವ್ಯಾಪಾರಿಗಳಿಗೆ ಯುಪಿಐ ಜಮೆ ನೋಡಿ ನೋಟಿಸ್ ಹೋದ ಮೇಲೆ ಈ ಭಯ ಹುಟ್ಟಿದೆ. ತಿಂಡಿ ಮಾಡಿ ಬಡಿಸುವುದು ಸೇವೆ. ಸೇವೆಗೆ ನೋಂದಣಿಯ ಮಿತಿ ವರ್ಷಕ್ಕೆ ₹20 ಲಕ್ಷ, ದಿನಕ್ಕೆ ಸುಮಾರು ₹5,500ರ ವ್ಯಾಪಾರ. ಅದರೊಳಗಿದ್ದರೆ ಚಿಂತೆ ಬೇಡ. ದಾಟಿದ್ದರೆ ನಗದು ತೆಗೆದುಕೊಂಡರೂ ನೋಂದಣಿ ಬೇಕೇ ಬೇಕು, ಫಲಕ ತೆಗೆದು ಉಪಯೋಗವಿಲ್ಲ. ಗೆಳೆಯರ ಕೈಸಾಲ, ಮನೆಯ ಹಣ ಅಂಗಡಿಯ ಖಾತೆಗೆ ಬರದಂತೆ ಬೇರೆ ಖಾತೆ ಇಟ್ಟುಕೊಳ್ಳಿ. ನೋಟಿಸಿಗೆ ಉತ್ತರ ಕೊಡುವಾಗ ಕೆಲಸಕ್ಕೆ ಬರುವುದು ಅದೇ.

ಪ್ರಶ್ನೆ: ಶಹಾಪುರದಲ್ಲಿ ಹೆಸರಾಂತ ಚಹಾ-ತಿಂಡಿ ಸರಣಿಯ ಫ್ರಾಂಚೈಸಿ ತೆಗೆದುಕೊಳ್ಳಬೇಕೆಂದಿದ್ದೇನೆ. ₹12 ಲಕ್ಷ ಕೇಳುತ್ತಿದ್ದಾರೆ. ಒಂದೇ ವರ್ಷದಲ್ಲಿ ಬಂಡವಾಳ ವಾಪಸ್ ಎನ್ನುತ್ತಾರೆ. ಮನೆಯಲ್ಲಿ ಹೊಲ ಅಡವಿಡಲು ಒಪ್ಪಿದ್ದಾರೆ.

ತಮ್ಮಾ, ಹೊಲದ ಪತ್ರ ಮೊದಲು ಟ್ರಂಕಿನೊಳಗೆ ಹಾಕು.

ಆಮೇಲೆ ಲೆಕ್ಕ ಮಾಡೋಣ. ಬಾಡಿಗೆ ₹25,000, ಮೂವರ ಸಂಬಳ ₹45,000, ವಿದ್ಯುತ್ ಮತ್ತು ಚಿಲ್ಲರೆ ಖರ್ಚು ₹8,000. ತಿಂಗಳಿಗೆ ₹78,000 ಅಂಗಡಿ ತೆರೆದರೂ ತೆರೆಯದಿದ್ದರೂ ಹೋಗುವ ಹಣ. ಸಾಮಗ್ರಿ ಮತ್ತು ಅವರಿಗೆ ಕೊಡಬೇಕಾದ ರಾಯಧನ ಕಳೆದು ನೂರಕ್ಕೆ ₹55 ಉಳಿಯುತ್ತದೆ ಎಂದುಕೊಂಡರೆ, ನಷ್ಟವಿಲ್ಲದೆ ನಡೆಯಲು ತಿಂಗಳಿಗೆ ಸುಮಾರು ₹1.42 ಲಕ್ಷ ವ್ಯಾಪಾರ ಬೇಕು. ಒಬ್ಬ ಗಿರಾಕಿ ₹30 ಖರ್ಚು ಮಾಡಿದರೆ ದಿನಕ್ಕೆ 158 ಜನ, ರಜೆಯಿಲ್ಲದೆ ಮೂವತ್ತೂ ದಿನ. ನಿನ್ನ ದುಡಿಮೆಗೆ, ಸಾಲದ ಬಡ್ಡಿಗೆ ಇದರಲ್ಲಿ ಒಂದು ಪೈಸೆಯೂ ಇಲ್ಲ. ಒಂದೇ ವರ್ಷದಲ್ಲಿ ₹12 ಲಕ್ಷ ವಾಪಸ್ ಬರಬೇಕಾದರೆ ತಿಂಗಳಿಗೆ ಇನ್ನೊಂದು ಲಕ್ಷ ಉಳಿಯಬೇಕು. ಆಗ ದಿನಕ್ಕೆ ಬೇಕಾಗುವ ಗಿರಾಕಿಗಳು 360.

ನೀನು ನೋಡಿಟ್ಟ ಜಾಗದ ಹತ್ತಿರದ ಚಹಾ ಅಂಗಡಿಯ ಎದುರು ಕುಳಿತು, ಸಂತೆಯ ದಿನ ಒಂದು ಮತ್ತು ಸಾಧಾರಣ ದಿನ ಒಂದು, ಬೆಳಿಗ್ಗೆಯಿಂದ ರಾತ್ರಿಯವರೆಗೆ ಎಣಿಸು. ಹತ್ತು ರೂಪಾಯಿಯ ಚಹಾ ಕುಡಿಯುವವರೆಷ್ಟು, ಮೂವತ್ತು ಖರ್ಚು ಮಾಡುವವರೆಷ್ಟು ಎಂದು ಬೇರೆ ಬೇರೆ ಬರೆದುಕೋ. ಕಂಪನಿಯವರನ್ನು ಎರಡು ಪಟ್ಟಿ ಕೇಳು: ಕಳೆದ ಎರಡು ವರ್ಷಗಳಲ್ಲಿ ತೆರೆದ ಮಳಿಗೆಗಳದ್ದು, ಮುಚ್ಚಿದ ಮಳಿಗೆಗಳದ್ದು. ಎರಡನೆಯ ಪಟ್ಟಿಯಲ್ಲಿರುವ ಮೂವರಿಗಾದರೂ ಫೋನ್ ಮಾಡಿ ಮಾತನಾಡು. ಆ ಪಟ್ಟಿ ಕೊಡಲು ಹಿಂದೆಮುಂದೆ ನೋಡಿದರೆ ಮುಂಗಡ ಕೊಡಬೇಡ.