ಗೊಬ್ಬರದ ಡಬ್ಬಿ ನಾರುತ್ತಿದೆ, ಏನು ಮಾಡೋಣ?

ಪ್ರಶ್ನೆ: ಹವಾಮಾನಕ್ಕಾಗಿ ಏನಾದರೂ ಮಾಡೋಣವೆಂದು ನಮ್ಮ ಮಹಿಳಾ ಸಂಘದವರೆಲ್ಲ ಅಡುಗೆಮನೆಯ ಕಸದಿಂದ ಗೊಬ್ಬರ ಮಾಡಲು ಹೊರಟೆವು. ವಾರದಲ್ಲೇ ಡಬ್ಬಿ ನಾರಿ ಹುಳು ಬಿದ್ದಿದೆ. ಮುಂದುವರಿಸಬೇಕೇ?

ಉತ್ತರ: ಖಂಡಿತ. ಗಾಳಿಯಾಡದೆ ಕೊಳೆತರೆ ನಾತ ಬರುತ್ತದೆ, ಜೊತೆಗೆ ಮೀಥೇನ್ ಎಂಬ ಅನಿಲ ಕೂಡ. ನೂರು ವರ್ಷದ ಲೆಕ್ಕದಲ್ಲಿ ಅದು ಇಂಗಾಲದ ಡೈಆಕ್ಸೈಡಿಗಿಂತ ಸುಮಾರು 28 ಪಟ್ಟು ಹೆಚ್ಚು ಬಿಸಿಯೇರಿಸುತ್ತದೆ. ಹಾಗಾಗಿ ನಾತವನ್ನು ಸಹಿಸಿಕೊಳ್ಳಬೇಡಿ.

ಒಂದು ಬುಟ್ಟಿ ಹಸಿ ಕಸಕ್ಕೆ ಎರಡು ಬುಟ್ಟಿ ಒಣ ಎಲೆ ಅಥವಾ ಹರಿದ ರಟ್ಟು ಹಾಕಿ, ತೂಕ ನೋಡಬೇಡಿ. ಡಬ್ಬಿಯ ತಳ, ಪಕ್ಕಗಳಲ್ಲಿ ತೂತಿರಲಿ. ಮೂರು ದಿನಕ್ಕೊಮ್ಮೆ ತಳದವರೆಗೂ ಕೆದಕಿ (ಈ ಪಾಳಿ ಮನೆಯ ಗಂಡಸರಿಗೂ ಇರಲಿ). ಒಂದು ಹಿಡಿ ತೆಗೆದು ಹಿಂಡಿದಾಗ ಒಂದೆರಡು ಹನಿ ಬಂದರೆ ಹದ ಸರಿ. ಧಾರೆಯಾಗಿ ನೀರು ಇಳಿದರೆ ಒಣ ಎಲೆ ಸಾಲದಾಗಿದೆ ಎಂದರ್ಥ, ಇನ್ನಷ್ಟು ಹಾಕಿ. ಹುಳುಗಳಿಂದ ಗೊಬ್ಬರಕ್ಕೆ ಕೇಡಿಲ್ಲ. ಮೇಲೆ ಎರಡು ಇಂಚು ಒಣ ಪದರ ಮುಚ್ಚಿದರೆ ನೊಣಗಳ ಕಾಟ ತಗ್ಗುತ್ತದೆ.