ಕುಪ್ಫರ್ ಕೋಶ, ಫ್ಯಾಟಿ ಲಿವರ್ ಮತ್ತು ಕಬ್ಬಿಣ: ಓದುಗರ ಪ್ರಶ್ನೆಗಳಿಗೆ ಉತ್ತರ

ಪ್ರಶ್ನೆ: ನನಗೆ 50 ವರ್ಷ, ಫ್ಯಾಟಿ ಲಿವರ್ ಇದೆ. ಲಿವರ್ ಕಿಣ್ವಗಳಾದ ಎಸ್‌ಜಿಒಟಿ 60, ಎಸ್‌ಜಿಪಿಟಿ 64, ಪ್ಲೇಟ್‌ಲೆಟ್ 1.5 ಲಕ್ಷ. ಲಿವರ್‌ನಲ್ಲೇ ಇರುವ ಕುಪ್ಫರ್ ಕೋಶಗಳು ಉರಿಯೂತ ಹುಟ್ಟಿಸಿ ಲಿವರ್ ಹಾಳುಮಾಡುತ್ತವೆ ಎಂದು ಓದಿದೆ. ಅವುಗಳನ್ನು ಅಡಗಿಸುವ ಔಷಧಿ ಇದೆಯೇ?

ಉತ್ತರ: ಇಲ್ಲ. ಅವುಗಳನ್ನು ಪೂರ್ತಿ ಅಡಗಿಸುವುದು ಒಳ್ಳೆಯದೂ ಅಲ್ಲ. ಲಿವರ್‌ಗೆ ಬರುವ ರಕ್ತದಲ್ಲಿ ಸುಮಾರು ಮುಕ್ಕಾಲು ಪಾಲು ಪೋರ್ಟಲ್ ರಕ್ತನಾಳದ್ದು. ಅದು ಮುಖ್ಯವಾಗಿ ಕರುಳಿನಿಂದ ಬರುವುದರಿಂದ ಬ್ಯಾಕ್ಟೀರಿಯಾದ ಚೂರುಗಳನ್ನೂ, ಕೆಲವೊಮ್ಮೆ ಜೀವಂತ ಬ್ಯಾಕ್ಟೀರಿಯಾವನ್ನೂ ಹೊತ್ತು ತರುತ್ತದೆ. ಸೈನುಸಾಯ್ಡ್ ಎಂಬ ಸೂಕ್ಷ್ಮ ರಕ್ತನಾಳಗಳ ಒಳಗೋಡೆಗೆ ಅಂಟಿಕೊಂಡಿರುವ ಕುಪ್ಫರ್ ಕೋಶಗಳು ಹರಿಯುವ ರಕ್ತದಿಂದಲೇ ಇವನ್ನು ಹಿಡಿದು ನುಂಗುತ್ತವೆ. ಅಂಗಾಂಶಗಳಲ್ಲಿ ನೆಲೆಸಿರುವ ಮ್ಯಾಕ್ರೊಫೇಜ್‌ಗಳಲ್ಲಿ (ರೋಗಾಣು, ಸತ್ತ ಕೋಶಗಳನ್ನು ನುಂಗುವ ರಕ್ಷಣಾ ಕೋಶಗಳಲ್ಲಿ) ಅತಿ ದೊಡ್ಡ ಗುಂಪು ಇದೇ. ಆರೋಗ್ಯವಂತರಲ್ಲಿ ಈ ಕೆಲಸ ಉರಿಯೂತವಿಲ್ಲದೆ ನಡೆಯುತ್ತದೆ. ಐಎಲ್-10ನಂಥ ಸಂಕೇತಗಳ ಮೂಲಕ ಅವು ಸುತ್ತಲಿನ ರೋಗನಿರೋಧಕ ಕೋಶಗಳನ್ನು ಶಾಂತವಾಗಿಯೇ ಇಡುತ್ತವೆ.

ಕೊಬ್ಬು ತುಂಬಿದ ಲಿವರ್‌ನಲ್ಲಿ ಈ ಸಮತೋಲ ಕೆಡುತ್ತದೆ. ಕೊಬ್ಬಿನಿಂದ ಘಾಸಿಗೊಂಡ ಲಿವರ್ ಕೋಶಗಳ ಸಂಕೇತ ಒಂದು ಕಡೆ, ಸೋರುವ ಕರುಳಿನಿಂದ ಬರುವ ಬ್ಯಾಕ್ಟೀರಿಯಾದ ಅಂಶ ಇನ್ನೊಂದು ಕಡೆ. ಎರಡೂ ಸೇರಿ ಕುಪ್ಫರ್ ಕೋಶಗಳನ್ನು ಕೆರಳಿಸುತ್ತವೆ. ಉರಿಯೂತ ಹೆಚ್ಚಿಸುವ ಟಿಎನ್‌ಎಫ್, ಐಎಲ್-1 ಎಂಬ ಸಂಕೇತಗಳು ಹೊರಬರುತ್ತವೆ. ಭ್ರೂಣಾವಸ್ಥೆಯಿಂದ ನೆಲೆಸಿ ತಮ್ಮಲ್ಲೇ ವಿಭಜನೆಗೊಂಡು ಉಳಿದುಬಂದ ಮೂಲ ಕುಪ್ಫರ್ ಕೋಶಗಳಲ್ಲಿ ಹಲವು ಸಾಯುತ್ತವೆ. ಅವುಗಳ ಜಾಗಕ್ಕೆ ಅಸ್ಥಿಮಜ್ಜೆಯಿಂದ ಮೊನೊಸೈಟ್ ಎಂಬ ಬಿಳಿ ರಕ್ತಕಣಗಳು ಬಂದು ಮ್ಯಾಕ್ರೊಫೇಜ್‌ಗಳಾಗುತ್ತವೆ. ಹೀಗೆ ಹೊಸದಾಗಿ ಬಂದವು ಹೆಚ್ಚು ಉರಿಯೂತ ತರುವಂಥವು. ಇವು ಬಿಡುವ ಟಿಜಿಎಫ್-ಬೀಟಾ ಎಂಬ ಸಂಕೇತ ಪಕ್ಕದ ಸ್ಟೆಲೇಟ್ ಕೋಶಗಳನ್ನು ಕೊಲಾಜೆನ್ ಎಂಬ ನಾರಿನ ಪ್ರೋಟೀನ್ ತಯಾರಿಕೆಗೆ ಹಚ್ಚುತ್ತದೆ. ಹೀಗೆ ನಾರು ತುಂಬಿ ಲಿವರ್‌ನಲ್ಲಿ ಕಲೆ ಕಟ್ಟುವುದೇ ಫೈಬ್ರೋಸಿಸ್.

ಹಾಗಾದರೆ ಇವನ್ನೇ ತೆಗೆದುಹಾಕಬಹುದಲ್ಲ ಎನಿಸುತ್ತದೆ. ಇಲಿಗಳಲ್ಲಿ ಅದನ್ನು ಮಾಡಿ ನೋಡಿದ್ದಾರೆ. ಗಾಯ ಬೆಳೆಯುತ್ತಿರುವಾಗ ಮ್ಯಾಕ್ರೊಫೇಜ್‌ಗಳನ್ನು ತೆಗೆದರೆ ಕಲೆ ಕಡಿಮೆಯಾಯಿತು. ಗಾಯ ಮಾಯುವ ಹಂತದಲ್ಲಿ ತೆಗೆದರೆ ಕಲೆ ಕರಗದೆ ಉಳಿಯಿತು. ಕೊಲಾಜೆನ್ ಜಾಲವನ್ನು ಕತ್ತರಿಸುವ ಕಿಣ್ವಗಳನ್ನು ಕೊಡುವುದರಲ್ಲೂ ಮ್ಯಾಕ್ರೊಫೇಜ್‌ಗಳದ್ದು ದೊಡ್ಡ ಪಾಲು. ಮೊನೊಸೈಟ್‌ಗಳು ಲಿವರ್‌ಗೆ ಬರುವ ದಾರಿಯನ್ನು ತಡೆಯುವ ಸೆನಿಕ್ರಿವಿರಾಕ್ ಎಂಬ ಔಷಧಿಯ ಮೂರನೇ ಹಂತದ ಪ್ರಯೋಗವೂ ಪರಿಣಾಮ ಸಾಲದೆ ನಿಂತುಹೋಯಿತು. ನಮ್ಮ ಅಭಿಪ್ರಾಯದಲ್ಲಿ ಕೋಶವನ್ನು ಹೊಡೆಯುವುದಕ್ಕಿಂತ ಅದನ್ನು ಕೆರಳಿಸುವುದನ್ನು ನಿಲ್ಲಿಸುವುದೇ ಸರಿ. ದೇಹತೂಕದ 5% ಇಳಿದರೆ ಲಿವರ್‌ನ ಕೊಬ್ಬು ಕಡಿಮೆಯಾಗುತ್ತದೆ, 7ರಿಂದ 10% ಇಳಿದರೆ ಉರಿಯೂತ ತಗ್ಗುತ್ತದೆ, 10% ದಾಟಿದರೆ ಹಲವರಲ್ಲಿ ಫೈಬ್ರೋಸಿಸ್ ಕೂಡ ಹಿಂದೆ ಸರಿಯುತ್ತದೆ. ಮದ್ಯ ಪೂರ್ತಿ ಬಿಡಿ. ಅದು ಕರುಳಿನ ಗೋಡೆಯನ್ನು ಸಡಿಲಗೊಳಿಸಿ ಇದೇ ಕೋಶಗಳನ್ನು ಕೆರಳಿಸುತ್ತದೆ.

ಫೈಬ್ರೋಸಿಸ್ ಎಷ್ಟಿರಬಹುದು ಎಂಬುದನ್ನು ಫಿಬ್-4 ಲೆಕ್ಕದಿಂದ ಅಂದಾಜು ಮಾಡಬಹುದು. ವಯಸ್ಸು ಮತ್ತು ಎಸ್‌ಜಿಒಟಿ ಗುಣಿಸಿ: 50 × 60 = 3000. ಪ್ಲೇಟ್‌ಲೆಟ್ ಸಂಖ್ಯೆಯನ್ನು ಸಾವಿರಗಳಲ್ಲಿ ತೆಗೆದುಕೊಂಡು ಎಸ್‌ಜಿಪಿಟಿಯ ವರ್ಗಮೂಲದಿಂದ ಗುಣಿಸಿ: 150 × 8 = 1200. ಭಾಗಿಸಿದರೆ 2.5. ಹೆಚ್ಚಿನವರು ತಪ್ಪುವುದು ಪ್ಲೇಟ್‌ಲೆಟ್‌ನಲ್ಲಿ, 1.5 ಲಕ್ಷವನ್ನು 1.5 ಎಂದೇ ಹಾಕಿದರೆ ಉತ್ತರ ನೂರು ಪಟ್ಟು ಏರುತ್ತದೆ. 1.3ಕ್ಕಿಂತ ಕಡಿಮೆಯಿದ್ದರೆ ತೀವ್ರ ಫೈಬ್ರೋಸಿಸ್ ಸಾಧ್ಯತೆ ಕಡಿಮೆ, 2.67 ದಾಟಿದರೆ ಹೆಚ್ಚು. 65 ದಾಟಿದವರಿಗೆ ಕೆಳಗಿನ ಮಿತಿ 2.0, 35ರ ಒಳಗಿನವರಲ್ಲಿ ಈ ಲೆಕ್ಕ ನಂಬುವಂತಿಲ್ಲ. ನಿಮ್ಮದು ನಡುವಿನ ಸಂಖ್ಯೆ, ಆದ್ದರಿಂದ ಲಿವರ್‌ನ ಬಿಗಿತ ಅಳೆಯುವ ಎಲಾಸ್ಟೊಗ್ರಫಿ ಸ್ಕ್ಯಾನ್ ಮಾಡಿಸಿ. ಅದಕ್ಕೆ ಮೊದಲು ಕನಿಷ್ಠ 3 ಗಂಟೆ ಏನೂ ತಿನ್ನಬೇಡಿ. ಊಟವಾದ ಮೇಲೆ ಲಿವರ್‌ಗೆ ರಕ್ತ ಹೆಚ್ಚು ಹರಿದು ಬಿಗಿತ ಇರುವುದಕ್ಕಿಂತ ಹೆಚ್ಚು ತೋರುತ್ತದೆ.

ಪ್ರಶ್ನೆ: ‘ಲಿವರ್ ಡಿಟಾಕ್ಸ್’ ಪುಡಿಗಳಿಂದ ಈ ಕೋಶಗಳು ಚುರುಕಾಗುತ್ತವೆಯೇ?

ಉತ್ತರ: ಹಾಗೆಂದು ಮನುಷ್ಯರಲ್ಲಿ ಸಾಬೀತಾಗಿಲ್ಲ. ಕೆಲವು ಗಿಡಮೂಲಿಕೆ ಪುಡಿಗಳೇ ಲಿವರ್‌ಗೆ ಗಂಭೀರ ಹಾನಿ ಮಾಡಿದ ಪ್ರಕರಣಗಳಿವೆ. ಈಗಾಗಲೇ ತೆಗೆದುಕೊಳ್ಳುತ್ತಿದ್ದರೆ ನಿಲ್ಲಿಸಿ, ವೈದ್ಯರಿಗೆ ಡಬ್ಬಿಯನ್ನೇ ತೋರಿಸಿ.

ಪ್ರಶ್ನೆ: ಬಯಾಪ್ಸಿ ವರದಿಯಲ್ಲಿ ‘ಕಬ್ಬಿಣ ಕುಪ್ಫರ್ ಕೋಶಗಳಲ್ಲಿದೆ, ಹೆಪಟೊಸೈಟ್‌ಗಳಲ್ಲಿ (ಲಿವರ್‌ನ ಮುಖ್ಯ ಕೋಶಗಳಲ್ಲಿ) ಇಲ್ಲ’ ಎಂದಿದೆ. ಕಬ್ಬಿಣದ ಸಂಗ್ರಹ ಸೂಚಿಸುವ ಫೆರಿಟಿನ್ ಹೆಚ್ಚು. ಇದು ದೇಹದಲ್ಲಿ ಕಬ್ಬಿಣ ತುಂಬಿಕೊಳ್ಳುವ ಆನುವಂಶಿಕ ಹಿಮೋಕ್ರೊಮಟೋಸಿಸ್ ಕಾಯಿಲೆಯೇ? ಕಬ್ಬಿಣ ಇಳಿಸಲು ರಕ್ತ ತೆಗೆಸಬೇಕೇ?

ಉತ್ತರ: ಸಾಮಾನ್ಯ ಬಗೆಯ ಆನುವಂಶಿಕ ಹಿಮೋಕ್ರೊಮಟೋಸಿಸ್ ಆಗಿರುವ ಸಾಧ್ಯತೆ ಕಡಿಮೆ. ಪರ್ಲ್ಸ್ ಬಣ್ಣ ಹಾಕಿದಾಗ ಕಬ್ಬಿಣ ನೀಲಿಯಾಗಿ ಕಾಣುತ್ತದೆ. ಆ ನೀಲಿ ಯಾವ ಕೋಶದಲ್ಲಿದೆ ಎಂಬುದರ ಮೇಲೆ ಅರ್ಥ ಬದಲಾಗುತ್ತದೆ. ಆನುವಂಶಿಕ ಕಾಯಿಲೆಯಲ್ಲಿ ಕಬ್ಬಿಣ ರಕ್ತಕ್ಕೆ ಸೇರುವುದನ್ನು ತಡೆಯುವ ಹೆಪ್ಸಿಡಿನ್ ಎಂಬ ಹಾರ್ಮೋನ್ ಕಡಿಮೆಯಿರುವುದರಿಂದ ಕರುಳು ಅಗತ್ಯಕ್ಕಿಂತ ಹೆಚ್ಚು ಕಬ್ಬಿಣ ಹೀರುತ್ತದೆ. ಅದು ಮೊದಲು ತುಂಬುವುದು ಪೋರ್ಟಲ್ ಭಾಗದ ಹೆಪಟೊಸೈಟ್‌ಗಳಲ್ಲಿ. ಕುಪ್ಫರ್ ಕೋಶಗಳ ಸರದಿ ತಡವಾಗಿ ಬರುತ್ತದೆ.

ಕುಪ್ಫರ್ ಕೋಶಗಳಿಗೆ ಕಬ್ಬಿಣ ಸಿಗುವುದು ಬೇರೆ ದಾರಿಯಲ್ಲಿ. ಕೆಂಪು ರಕ್ತಕಣಗಳ ಆಯಸ್ಸು ಸುಮಾರು 120 ದಿನ. ಮುಪ್ಪಾದ ಕಣಗಳನ್ನು ಗುಲ್ಮದ ಮ್ಯಾಕ್ರೊಫೇಜ್‌ಗಳೂ ಕುಪ್ಫರ್ ಕೋಶಗಳೂ ನುಂಗಿ, ಕಬ್ಬಿಣವನ್ನು ಬಿಡಿಸಿ, ಫೆರೊಪೋರ್ಟಿನ್ ಎಂಬ ದ್ವಾರದಿಂದ ರಕ್ತಕ್ಕೆ ವಾಪಸ್ ಕಳಿಸುತ್ತವೆ. ದೀರ್ಘಕಾಲದ ಉರಿಯೂತದಲ್ಲಿ ಹೆಪ್ಸಿಡಿನ್ ಏರಿ ಆ ದ್ವಾರ ಮುಚ್ಚುತ್ತದೆ, ಕಬ್ಬಿಣ ಒಳಗೇ ಉಳಿಯುತ್ತದೆ. ಪದೇ ಪದೇ ರಕ್ತ ಹಾಕಿಸಿಕೊಂಡವರಲ್ಲೂ ಹೀಗೆಯೇ: ಒಂದು ಯೂನಿಟ್‌ನಲ್ಲಿ 200ರಿಂದ 250 ಮಿಲಿಗ್ರಾಂ ಕಬ್ಬಿಣವಿರುತ್ತದೆ, ದೇಹ ದಿನಕ್ಕೆ ಕಳೆದುಕೊಳ್ಳುವುದು 1–2 ಮಿಲಿಗ್ರಾಂ ಮಾತ್ರ. ರಕ್ತಕಣಗಳು ಬೇಗ ಒಡೆಯುವ ಕಾಯಿಲೆ, ಫ್ಯಾಟಿ ಲಿವರ್, ಫೆರೊಪೋರ್ಟಿನ್ ಜೀನ್‌ನ ದೋಷ ಉಳಿದ ಕಾರಣಗಳು.

ಟ್ರಾನ್ಸ್‌ಫೆರಿನ್ ಸ್ಯಾಚುರೇಶನ್ (ರಕ್ತದಲ್ಲಿ ಕಬ್ಬಿಣ ಸಾಗಿಸುವ ಪ್ರೋಟೀನ್ ಎಷ್ಟು ತುಂಬಿದೆ ಎಂಬ ಲೆಕ್ಕ), ಸಿಆರ್‌ಪಿ (ಉರಿಯೂತದ ಪರೀಕ್ಷೆ), ಹಿಮೋಗ್ಲೋಬಿನ್, ರೆಟಿಕ್ಯುಲೊಸೈಟ್ (ಎಳೆಯ ಕೆಂಪು ರಕ್ತಕಣ) ಎಣಿಕೆ ಮಾಡಿಸಿ. ಸ್ಯಾಚುರೇಶನ್ 45% ದಾಟದೆ ಫೆರಿಟಿನ್ ಮಾತ್ರ ಏರಿದ್ದರೆ ಉರಿಯೂತ, ಫ್ಯಾಟಿ ಲಿವರ್ ಅಥವಾ ಮದ್ಯವನ್ನು ಮೊದಲು ಶಂಕಿಸಬೇಕು. ಫೆರಿಟಿನ್ ಒಂದನ್ನೇ ನೋಡಿ ರಕ್ತ ತೆಗೆಸಬೇಡಿ. ಕಬ್ಬಿಣ ಕುಪ್ಫರ್ ಕೋಶಗಳಲ್ಲಿ ಸಿಕ್ಕಿಬಿದ್ದಿದ್ದರೆ ಅದು ಹೊಸ ರಕ್ತ ತಯಾರಿಕೆಗೆ ಸುಲಭವಾಗಿ ಸಿಗುವುದಿಲ್ಲ. ಫೆರೊಪೋರ್ಟಿನ್ ದೋಷವಿರುವವರಲ್ಲಿ ಕೆಲವೇ ಬಾರಿ ರಕ್ತ ತೆಗೆದರೂ ಫೆರಿಟಿನ್ ಇಳಿಯುವ ಮೊದಲೇ ರಕ್ತಹೀನತೆ ಕಾಣಿಸಿಕೊಳ್ಳಬಹುದು. ಕಾರಣ ಗೊತ್ತಾಗುವವರೆಗೆ ವೈದ್ಯರನ್ನು ಕೇಳದೆ ಕಬ್ಬಿಣದ ಮಾತ್ರೆಯನ್ನೂ ತೆಗೆದುಕೊಳ್ಳಬೇಡಿ.